ಸಾವಿಲ್ಲದ ಅಲೆಮಾರಿಯನ್ನು ಮಾಳಿಗೆ ಮೇಲೆ ತೋರಿಸುವುದು ಹೇಗೆ

ಏಸುವಿನ ಶಾಪದಿಂದ ಸಾವಿಲ್ಲದೆ ಅಲೆಯುವ ಯಹೂದಿ ಅಹಸ್ವೇರನ ಕತೆ ಇಟ್ಟುಕೊಂಡು ರಾಬರ್ಟ್ ರೈನರ್ಟ್ 1917ರಲ್ಲೇ ಜರ್ಮನಿಯಲ್ಲಿ ಮೂರು ಭಾಗದ ಮೂಕಿ ಚಿತ್ರ ಮಾಡಿದ್ದರು. ನಾಲ್ಕು ಜನರನ್ನು ಕೂರಿಸಿ ತೋರಿಸಬೇಕು ಅಂದರೆ ಸದ್ಯಕ್ಕೆ ಅದರ ಹಿಂದೆ ಬೀಳಬೇಡಿ, 1920ರ ಜರ್ಮನ್ ಮೂಕಿ ಚಿತ್ರ ‘ಗೋಲೆಮ್’ ಹಾಕಿ. ಅಲ್ಲಿ ಅಹಸ್ವೇರ ಬರುವುದು ಒಂದೇ ದೃಶ್ಯದಲ್ಲಿ. ಅಷ್ಟೇ ಸಾಕು.

ದಾವಣಗೆರೆಯಲ್ಲಿ ಇದಕ್ಕೆ ಡಿಸೆಂಬರ್, ಜನವರಿ ಒಳ್ಳೆಯದು. ಬೇಸಿಗೆಯಲ್ಲಿ ರಾತ್ರಿಯೂ ಮಾಳಿಗೆ ಕಾದಿರುತ್ತೆ. ಪರದೆಯಾಗಿ ಬಿಳಿ ಪಂಚೆ ಸಾಕು, ಅದರ ಕೆಳಗಿನ ತುದಿಗಳನ್ನೂ ಕಟ್ಟಿ, ಗಾಳಿಗೆ ಹಾರುತ್ತೆ.

ಮೊದಲು ಅಹಸ್ವೇರನ ಕತೆ ಹೇಳಿ. ಶಿಲುಬೆ ಹೊತ್ತ ಏಸು ಚಪ್ಪಲಿ ಹೊಲಿಯುವವನೊಬ್ಬನ ಬಾಗಿಲಲ್ಲಿ ಸುಧಾರಿಸಿಕೊಳ್ಳಲು ನಿಂತರೆ ಅವನು ಅಟ್ಟಿದ, ನಾನು ಮತ್ತೆ ಬರುವ ತನಕ ಅಲೆಯುತ್ತಲೇ ಇರು ಅಂತ ಶಾಪ ಬಿತ್ತು. ಅಶ್ವತ್ಥಾಮನ ಥರ ಅಂದರೆ ನಮ್ಮವರು ಥಟ್ಟನೆ ಹಿಡಿಯುತ್ತಾರೆ. ಆದರೆ ಅಲ್ಲಿಗೇ ಬಿಡಬೇಡಿ. ಅಶ್ವತ್ಥಾಮನ ಶಾಪ ಅವನೊಬ್ಬನದು. ಇದು 1602ರಲ್ಲಿ ಜರ್ಮನ್ ಕಿರುಹೊತ್ತಿಗೆಯಾಗಿ ಅಚ್ಚಾದ ಮೇಲೆ ಇಡೀ ಯಹೂದಿ ಜನರನ್ನು ಹಳಿಯಲು ಬಳಕೆಯಾಯಿತು, 1940ರಲ್ಲಿ ನಾಜಿಗಳು ತಮ್ಮ ದ್ವೇಷದ ಚಿತ್ರಕ್ಕೆ ಇದೇ ಅಲೆಮಾರಿಯ ಹೆಸರಿಟ್ಟರು. ಇದನ್ನು ಹೇಳದೆ ಸುಮ್ನೆ ಚಿತ್ರ ಹಾಕುವುದು ಸರಿಯಲ್ಲ.

ಪಾತ್ರಗಳು ಓಡಿದಂತೆ ಕಂಡರೆ ವೇಗ 0.75ಕ್ಕೆ ಇಳಿಸಿ. ಆಗಿನ ಚಿತ್ರಗಳು ಸೆಕೆಂಡಿಗೆ 16ರಿಂದ 20 ಚೌಕಟ್ಟಿನಲ್ಲಿ ತೆಗೆದವು, ಈಗ ಓಡುವುದು 24ರಲ್ಲಿ. ಧ್ವನಿ ಪೂರ್ತಿ ಮುಚ್ಚಿ. ಕಂಪನಿ ನಾಟಕಗಳಿಗೆ ಹಾರ್ಮೋನಿಯಂ ನುಡಿಸಿದವರು ಈ ಊರಲ್ಲಿ ಸಿಗುತ್ತಾರೆ, ಅವರನ್ನು ಕರೆಯಿರಿ. ನಡುವೆ ಬರುವ ಬರಹಗಳನ್ನು ಮೊದಲೇ ಕನ್ನಡದಲ್ಲಿ ಬರೆದಿಟ್ಟು ಒಬ್ಬರು ಓದಲಿ, ಸಪ್ಪೆ ದನಿಯಲ್ಲೇ. ನಾಟಕದ ದನಿ ಬೇಡ, ಪರದೆ ಮೇಲಿನವರು ಈಗಾಗಲೇ ಅದನ್ನು ಜಾಸ್ತಿ ಮಾಡಿದ್ದಾರೆ!

ಇನ್ನು ಆ ದೃಶ್ಯ. ಚಕ್ರವರ್ತಿಯ ಆಸ್ಥಾನದಲ್ಲಿ ಯಹೂದಿ ಧರ್ಮಗುರು ರಬ್ಬಿ ಲೋವ್ ಮಂತ್ರದಿಂದ ತನ್ನ ಜನರ ಪೂರ್ವಿಕರನ್ನು ಕಣ್ಣೆದುರು ಮೂಡಿಸುತ್ತಾನೆ, ಯಾರೂ ಮಾತಾಡಬಾರದು, ನಗಬಾರದು ಅಂತ ಷರತ್ತು. ಸಿನಿಮಾದೊಳಗೊಂದು ಸಿನಿಮಾ, ಅಲ್ವಾ? ಅಹಸ್ವೇರ ಬರುತ್ತಿದ್ದಂತೆ ಆಸ್ಥಾನದವರು ನಗುತ್ತಾರೆ, ಚಾವಣಿ ಕುಸಿಯುತ್ತೆ, ರಬ್ಬಿ ಜೀವ ಕೊಟ್ಟ ಮಣ್ಣಿನ ಮನುಷ್ಯ ಗೋಲೆಮ್ ಅದಕ್ಕೆ ಹೆಗಲು ಕೊಡುತ್ತಾನೆ. ಆ ಗೋಲೆಮ್ ಆಗಿರುವುದು ನಿರ್ದೇಶಕರಲ್ಲೊಬ್ಬರಾದ ಪೌಲ್ ವೆಗೆನರ್. ಅಲೆಮಾರಿ ಕಂಡ ಕೂಡಲೇ ಹಾರ್ಮೋನಿಯಂ ನಿಲ್ಲಿಸಲು ಹೇಳಿಡಿ, ಚಾವಣಿ ಬಿರಿದಾಗ ಮತ್ತೆ ಜೋರಾಗಿ ಶುರುವಾಗಲಿ. ಮಂಡಕ್ಕಿ, ಮಿರ್ಚಿ ಹಂಚುವುದು ಈ ದೃಶ್ಯ ದಾಟಿದ ಮೇಲೆ.