ಎವಾಲ್ವ್ ಬಟನ್ ಕೊನೆಯ ಕೆಲಸ: ಕೊಡಗಿನ ಮಳೆಯಲ್ಲಿ ಪೋಕೆಮಾನ್ ಗೋ

ನಡೆದಾಡುತ್ತಾ ಪೋಕೆಮಾನ್ ಎಂಬ ಪ್ರಾಣಿಗಳನ್ನು ಹಿಡಿಯುವ ಫೋನ್ ಆಟ ಪೋಕೆಮಾನ್ ಗೋದಲ್ಲಿ ಪವರ್ ಅಪ್‌ಗೆ (ಲೆವೆಲ್ ಏರಿಸಲು) ಸುರಿದ ಸ್ಟಾರ್‌ಡಸ್ಟ್ ಮತ್ತೆ ಕೂಡುತ್ತದೆ, ಕ್ಯಾಂಡಿ ನಡೆದರೆ ಬರುತ್ತದೆ, ಮೂವ್ (ದಾಳಿ) ಇಷ್ಟವಾಗದಿದ್ದರೆ ಅದನ್ನು ಬದಲಿಸುವ ಟಿಎಂ ಇದೆ. ಎವಾಲ್ವ್ ಮಾಡಿದ್ದನ್ನು, ಅಂದರೆ ಮುಂದಿನ ರೂಪಕ್ಕೆ ಏರಿಸಿದ್ದನ್ನು ಮಾತ್ರ ಹಿಂದಕ್ಕೆ ತರಲು ದಾರಿಯಿಲ್ಲ. ಹಾಗಾಗಿ ನಾನು ಅದನ್ನು ಎಲ್ಲಕ್ಕಿಂತ ಕೊನೆಗೆ ಇಟ್ಟುಕೊಂಡಿದ್ದೇನೆ. ಮೊದಲು ಐವಿ (ಒಂದೊಂದು ಪೋಕೆಮಾನ್‌ಗೂ ಬೇರೆ ಬೇರೆ ಇರುವ ಹುಟ್ಟುಬಲದ ಅಂಕ), ಆಮೇಲೆ ಯಾವ ಲೀಗ್ (ಆಟಗಾರರ ನಡುವಿನ ಪಂದ್ಯದ ವರ್ಗ) ಎಂಬ ತೀರ್ಮಾನ, ಆಮೇಲೆ ಮೂವ್, ಎಲ್ಲ ಸರಿಯಿದ್ದರೆ ಬಟನ್. ಮಡಿಕೇರಿ ಸುತ್ತಮುತ್ತ ಆಡುವವರು ಇವುಗಳ ಜೊತೆ ಮಳೆಯ ಲೆಕ್ಕವನ್ನೂ ಹಾಕಬೇಕು.

ಎವಾಲ್ವ್ ಆದಾಗ ಐವಿ ಬದಲಾಗುವುದಿಲ್ಲ, ಲೆವೆಲ್ಲೂ ಬದಲಾಗುವುದಿಲ್ಲ. ಬದಲಾಗುವುದು ಜಾತಿಯ ಮೂಲ ಬಲ ಮತ್ತು ಮೂವ್‌ಗಳು. ಫಾಸ್ಟ್ ಮೂವ್ (ಬೇಗ ಬೇಗ ಹೊಡೆಯುವ ಸಣ್ಣ ದಾಳಿ), ಚಾರ್ಜ್ಡ್ ಮೂವ್ (ಶಕ್ತಿ ತುಂಬಿದ ಮೇಲಿನ ದೊಡ್ಡ ದಾಳಿ) ಎರಡನ್ನೂ ಆಟ ಹೊಸದಾಗಿ ಆರಿಸುತ್ತದೆ. ಮರಿಯ ಹಂತದಲ್ಲೇ ಟಿಎಂ ಖರ್ಚು ಮಾಡಿ ಒಳ್ಳೆಯ ಮೂವ್ ಹಾಕಿಟ್ಟರೆ ಅದು ದಂಡ. ಪವರ್ ಅಪ್ ಮೊದಲು ಮಾಡಿದರೂ ನಂತರ ಮಾಡಿದರೂ ಖರ್ಚು ಒಂದೇ, ಆದ್ದರಿಂದ ಮೊದಲೇ ಮಾಡುವುದರಿಂದ ಲಾಭವೇನೂ ಇಲ್ಲ. ಗ್ರೇಟ್ ಲೀಗ್‌ಗಾದರೆ ನಷ್ಟವೇ ಆಗಬಹುದು.

ಅಪ್ರೈಸ್ (ಐವಿ ತೋರಿಸುವ ಆಯ್ಕೆ) ಮಾಡಿದಾಗ ಮೂರು ಪಟ್ಟಿ ಕಾಣುತ್ತವೆ: ಅಟ್ಯಾಕ್, ಡಿಫೆನ್ಸ್, ಎಚ್‌ಪಿ (ಜೀವಬಲ). ಪ್ರತಿಯೊಂದೂ 0ರಿಂದ 15. ಒಟ್ಟು 37ರಿಂದ 44 ಇದ್ದರೆ ಮೂರು ನಕ್ಷತ್ರ, 45 ಇದ್ದರೆ ನಾಲ್ಕು. ರೇಡ್‌ಗೆ (ಹಲವರು ಸೇರಿ ಬಲಿಷ್ಠ ಪೋಕೆಮಾನ್ ಒಂದನ್ನು ಸೋಲಿಸುವ ಕಾಳಗಕ್ಕೆ) ನಕ್ಷತ್ರ ಹೆಚ್ಚಿದ್ದಷ್ಟೂ ಒಳ್ಳೆಯದು. ಗ್ರೇಟ್ ಲೀಗ್‌ನ 1500 ಸಿಪಿ (ಒಟ್ಟು ಬಲದ ಅಂಕ) ಮಿತಿಯೊಳಗೆ ಲೆಕ್ಕವೇ ತಿರುಗುತ್ತದೆ. ಸಿಪಿ ಸೂತ್ರದಲ್ಲಿ ಅಟ್ಯಾಕ್ ಇದ್ದ ಹಾಗೇ ಗುಣವಾಗುತ್ತದೆ, ಡಿಫೆನ್ಸ್ ಮತ್ತು ಎಚ್‌ಪಿಯ ವರ್ಗಮೂಲ ಮಾತ್ರ ಸೇರುತ್ತದೆ. ಅಟ್ಯಾಕ್ ಐವಿ ಕಡಿಮೆಯಿದ್ದರೆ ಅದೇ ಮಿತಿಯಲ್ಲಿ ಇನ್ನೂ ಒಂದೆರಡು ಲೆವೆಲ್ ಏರಬಹುದು. 0/15/15 ಅಂದರೆ ಒಟ್ಟು 30, ಎರಡೇ ನಕ್ಷತ್ರ. ಎರಡು ನಕ್ಷತ್ರ ಎಂದು ಕಣ್ಣುಮುಚ್ಚಿ ಟ್ರಾನ್ಸ್‌ಫರ್ ಮಾಡುವವರು (ಆಟಕ್ಕೆ ಮರಳಿಸಿಬಿಡುವವರು) ಇಂಥವನ್ನೇ ಕಳೆದುಕೊಳ್ಳುತ್ತಾರೆ. ಹುಡುಕುವ ಜಾಗದಲ್ಲಿ ‘0-1ಅಟ್ಯಾಕ್&3-4ಡಿಫೆನ್ಸ್&3-4ಎಚ್‌ಪಿ’ ಎಂದು ಇಂಗ್ಲಿಷ್ ಅಕ್ಷರಗಳಲ್ಲಿ ಹಾಕಿದರೆ ಇವಷ್ಟೇ ಮೇಲೆ ಬರುತ್ತವೆ. ಇಲ್ಲಿ 1 ಎಂದರೆ ಐವಿ 1ರಿಂದ 5, 3 ಎಂದರೆ 11ರಿಂದ 14, 4 ಎಂದರೆ 15. ಟ್ರಾನ್ಸ್‌ಫರ್‌ಗೆ ಮೊದಲು ನಾನು ಈ ಹುಡುಕಾಟ ತಪ್ಪಿಸುವುದಿಲ್ಲ.

ಇನ್ನು ಮಳೆ. ಆಟದಲ್ಲಿ ಮಳೆ ತೋರಿಸಿದಾಗ ವಾಟರ್, ಎಲೆಕ್ಟ್ರಿಕ್, ಬಗ್ ಬಗೆಯ ಪೋಕೆಮಾನ್‌ಗಳಿಗೆ ಬೂಸ್ಟ್ (ಹವಾಮಾನದ ಹೆಚ್ಚುವರಿ ಬಲ) ಸಿಗುತ್ತದೆ. ಸುತ್ತಾಡುವಾಗ ಸಿಗುವ ಪೋಕೆಮಾನ್ ಸಾಮಾನ್ಯವಾಗಿ 30ನೇ ಲೆವೆಲ್ ದಾಟುವುದಿಲ್ಲ, ಬೂಸ್ಟ್ ಇದ್ದರೆ 35ರವರೆಗೆ ಹೋಗುತ್ತದೆ. ಬೂಸ್ಟ್ ಇದ್ದಾಗ ಮೂರೂ ಐವಿ ಕನಿಷ್ಠ 4 ಇರುತ್ತವೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಇಲ್ಲಿ ನೀರಿನ ಜಾತಿ ಹಿಡಿಯುವವರಿಗೆ ಇದು ವರ ಅನ್ನಿಸುತ್ತದೆ. ಅರ್ಧ ಮಾತ್ರ ನಿಜ.

ನೀರಿನ ಪೋಕೆಮಾನ್ ಮಡ್‌ಕಿಪ್ ನೋಡಿ. 25 ಕ್ಯಾಂಡಿಗೆ ಮಾರ್ಷ್‌ಟಾಂಪ್, ಮತ್ತೆ 100ಕ್ಕೆ ಸ್ವಾಂಪರ್ಟ್. ಸ್ವಾಂಪರ್ಟ್‌ನ ಮೂಲ ಬಲ 208/175/225. ಗ್ರೇಟ್ ಲೀಗ್‌ಗೆ ಅದು ಸುಮಾರು 18–19ನೇ ಲೆವೆಲ್‌ನಲ್ಲೇ ಮಿತಿ ಮುಟ್ಟುತ್ತದೆ. ಮಳೆಯಲ್ಲಿ ಹಿಡಿದ ಮಡ್‌ಕಿಪ್‌ನಲ್ಲಿ ಹೆಚ್ಚಿನವು ಅದನ್ನು ದಾಟಿಯೇ ಇರುತ್ತವೆ. 30ನೇ ಲೆವೆಲ್‌ನ ಪೂರ್ಣ ಐವಿ ಮಡ್‌ಕಿಪ್ 967 ಸಿಪಿ, ಎವಾಲ್ವ್ ಆದರೆ 2549. ಗ್ರೇಟ್ ಲೀಗ್ ಹಾಗಿರಲಿ, 2500ರ ಅಲ್ಟ್ರಾ ಲೀಗ್‌ನಿಂದಲೂ ಹೊರಗೆ! ರೇಡ್‌ಗೆ ಅದು ಸೊಗಸಾದ ಪ್ರಾಣಿ, ರೇಡ್‌ಗೆಂದೇ ಇಟ್ಟುಕೊಳ್ಳಿ. ಗ್ರೇಟ್ ಲೀಗ್‌ಗೆ ನಾನು ಇಟ್ಟುಕೊಂಡ ಗೆರೆ ಇದು: ಮಡ್‌ಕಿಪ್ 515 ಸಿಪಿ ಒಳಗಿದ್ದರೆ ಐವಿ ಏನೇ ಇರಲಿ ಸ್ವಾಂಪರ್ಟ್ 1500 ದಾಟುವುದಿಲ್ಲ, 570 ಮೀರಿದ್ದರೆ ದಾಟದೆ ಇರುವುದಿಲ್ಲ. ನಡುವೆ ಇರುವುದಕ್ಕೆ ಐವಿ ನೋಡಿ ಲೆಕ್ಕ ಹಾಕಬೇಕು.

ಅದೇ ಮಳೆ ಮ್ಯಾರಿಲ್‌ಗೆ ನಿಜವಾಗಿಯೂ ವರ. ಅದರ ಮುಂದಿನ ರೂಪ ಅಝುಮ್ಯಾರಿಲ್‌ನ ಮೂಲ ಅಟ್ಯಾಕ್ ಬರೀ 112, ಹಾಗಾಗಿ 1500 ಮುಟ್ಟಲು ಅದಕ್ಕೆ 40ನೇ ಲೆವೆಲ್ ಸುತ್ತಮುತ್ತ ಬೇಕು. ಎತ್ತರದ ಲೆವೆಲ್‌ನಲ್ಲೇ ಹಿಡಿದರೆ ಅಷ್ಟು ಸ್ಟಾರ್‌ಡಸ್ಟ್ ಉಳಿಯಿತು. ಮ್ಯಾರಿಲ್ ವಾಟರ್ ಜೊತೆಗೆ ಫೇರಿ ಕೂಡ ಆದ್ದರಿಂದ ಮೋಡ ತೋರಿಸಿದರೂ ಬೂಸ್ಟ್ ಇರುತ್ತದೆ. ನಮ್ಮಲ್ಲಿ ಮಳೆ ಇಲ್ಲದ ದಿನ ಮೋಡವಾದರೂ ಇರುತ್ತದಲ್ಲ. ನಾನು ಕಾದು ಹುಡುಕುವುದು 8/15/15. 40ನೇ ಲೆವೆಲ್‌ನಲ್ಲಿ ಅದು ಸರಿಯಾಗಿ 1500, 40 ದಾಟಿಸಲು ಬೇಕಾಗುವ ಎಕ್ಸ್‌ಎಲ್ ಕ್ಯಾಂಡಿಯ ಹಂಗೇ ಇಲ್ಲ.

ಮ್ಯಾರಿಲ್‌ನಲ್ಲಿ ಬಹಳ ಜನ ಎಡವುವುದು ಗುಣಕದ ವಿಷಯದಲ್ಲಿ. ‘ಎವಾಲ್ವ್ ಆದರೆ ಸಿಪಿ ಇಷ್ಟು ಪಟ್ಟು’ ಎಂಬ ಒಂದೇ ಸಂಖ್ಯೆ ಇಟ್ಟುಕೊಂಡು ಮ್ಯಾರಿಲ್ ಹಂತದಲ್ಲೇ ಪವರ್ ಅಪ್ ಮಾಡುತ್ತಾ ಹೋಗುತ್ತಾರೆ. ಮ್ಯಾರಿಲ್‌ನ ಮೂಲ ಅಟ್ಯಾಕ್ 37 ಅಷ್ಟೇ. ಅಷ್ಟು ಸಣ್ಣ ಸಂಖ್ಯೆಗೆ ಐವಿಯ 15 ಸೇರುವುದಕ್ಕೂ 0 ಸೇರುವುದಕ್ಕೂ ಅಜಗಜಾಂತರ. 15/15/15 ಇದ್ದರೆ ಸಿಪಿ ಸುಮಾರು 3.44 ಪಟ್ಟಾಗುತ್ತದೆ, 8/15/15ಕ್ಕೆ 3.76, 0/15/15ಕ್ಕೆ 4.26. ಅಂದರೆ ಎವಾಲ್ವ್ ಮಾಡುವ ಮೊದಲು ಮ್ಯಾರಿಲ್ ಮುಟ್ಟಬಹುದಾದ ಸಿಪಿ ಮೊದಲನೆಯದಕ್ಕೆ 436, ಎರಡನೆಯದಕ್ಕೆ 399, ಮೂರನೆಯದಕ್ಕೆ ಸುಮಾರು 350. ಗ್ರೇಟ್ ಲೀಗ್‌ಗೆ ಒಳ್ಳೆಯದಾದ 0/15/15 ಪ್ರಾಣಿಯೇ ಎಲ್ಲಕ್ಕಿಂತ ಕಡಿಮೆ ಮ್ಯಾರಿಲ್ ಸಿಪಿಯಲ್ಲಿ ಮಿತಿ ದಾಟಿಹೋಗುತ್ತದೆ. ಅದಕ್ಕೇ ಹಿಡಿದ ಸಿಪಿಯಲ್ಲೇ 25 ಕ್ಯಾಂಡಿ ಕೊಟ್ಟು ಎವಾಲ್ವ್ ಮಾಡಿಬಿಡಿ, ಪವರ್ ಅಪ್ ಅಝುಮ್ಯಾರಿಲ್ ಆದ ಮೇಲೆ. ಆಗ ಮುಂದಿನ ಸಿಪಿ ಎದುರಿಗೇ ಇರುತ್ತದೆ, 1490ರಲ್ಲಿ ಕೈ ನಿಲ್ಲಿಸಬಹುದು.

ಮೂವ್ ವಿಷಯಕ್ಕೆ ಬಂದರೆ ಕಾಯುವುದೇ ಉತ್ತರ. ಸ್ವಾಂಪರ್ಟ್‌ಗೆ ಹೈಡ್ರೋ ಕ್ಯಾನನ್ ಎಂಬ ವಿಶೇಷ ಮೂವ್ ಸಿಕ್ಕಿದ್ದು 2019ರ ಜುಲೈ ಕಮ್ಯುನಿಟಿ ಡೇಯಲ್ಲಿ (ಒಂದು ಪೋಕೆಮಾನ್‌ಗೆ ಮೀಸಲಾದ ಆಟದ ಹಬ್ಬದ ದಿನ). ಮಾಮೂಲಿ ದಿನ ಎವಾಲ್ವ್ ಮಾಡಿದರೆ ಅದು ಬರುವುದಿಲ್ಲ, ಸಾಮಾನ್ಯ ಟಿಎಂನಿಂದಲೂ ಬರುವುದಿಲ್ಲ, ಬೇಕಾದ ಮೂವ್ ಆರಿಸಿಕೊಳ್ಳಲು ಬಿಡುವ ಎಲೀಟ್ ಟಿಎಂ ಬೇಕು. ಮೆಟಾಗ್ರಾಸ್‌ನ ಮೆಟಿಯೋರ್ ಮ್ಯಾಶ್ ಕೂಡ ಹಾಗೆಯೇ. ಆ ಮೂವ್ ಇಲ್ಲದ ಮೆಟಾಗ್ರಾಸ್ ಬೇರೆಯೇ ದರ್ಜೆಯದು. ಡಿಸೆಂಬರ್‌ನಲ್ಲಿ ಆ ವರ್ಷದ ಕಮ್ಯುನಿಟಿ ಡೇಗಳೆಲ್ಲ ಮತ್ತೊಮ್ಮೆ ಬರುತ್ತವೆ, ಆಗಲೂ ಎವಾಲ್ವ್ ಮಾಡಿದರೆ ವಿಶೇಷ ಮೂವ್ ಸಿಗುತ್ತದೆ. ಆಯ್ದವುಗಳಿಗೆ ನಾನು ‘ಡೇ’ ಎಂಬ ಟ್ಯಾಗ್ ಹಾಕಿ ಬದಿಗಿಡುತ್ತೇನೆ. ಮಧ್ಯದ ರೂಪದವರೆಗೆ ಏರಿಸಿಟ್ಟುಕೊಂಡರೂ ತೊಂದರೆಯಿಲ್ಲ, ವಿಶೇಷ ಮೂವ್ ಕೊನೆಯ ಎವಾಲ್ವ್‌ಗೆ ಬರುವಂಥದ್ದು. ಎರಡನೇ ಚಾರ್ಜ್ಡ್ ಮೂವ್ ತೆರೆಯುವ ಖರ್ಚು ಸ್ವಾಂಪರ್ಟ್‌ಗೆ 10,000 ಸ್ಟಾರ್‌ಡಸ್ಟ್ ಮತ್ತು 25 ಕ್ಯಾಂಡಿ. ಮೊದಲೇ ತೆರೆದರೆ ಎವಾಲ್ವ್ ವೇಳೆ ಅದೂ ಬದಲಾಗುತ್ತದೆ, ಆದ್ದರಿಂದ ಎವಾಲ್ವ್ ಮುಗಿದ ಮೇಲೆ ತೆರೆಯಿರಿ.

ಕೊಡಗಿನವರಿಗೆ ಹೇಳಿ ಮಾಡಿಸಿದ್ದು ಗುಡ್ರಾ. ಗೂಮಿ 25 ಕ್ಯಾಂಡಿಗೆ ಸ್ಲಿಗೂ ಆಗುತ್ತದೆ, ಆಮೇಲೆ 100 ಕ್ಯಾಂಡಿ ಇದ್ದರೂ ಆಟದಲ್ಲಿ ಮಳೆ ಇರಬೇಕು ಅಥವಾ ರೇನಿ ಲ್ಯೂರ್ (ಮಳೆಯ ಬದಲಿಗೆ ಕೆಲಸ ಮಾಡುವ ವಸ್ತು) ಹಾಕಿದ ಪೋಕೆಸ್ಟಾಪ್ (ಆಟದ ನಕ್ಷೆಯಲ್ಲಿರುವ ತಾಣ) ಹತ್ತಿರವಿರಬೇಕು. ಇಲ್ಲದಿದ್ದರೆ ಬಟನ್ ಮಂಕಾಗಿಯೇ ಇರುತ್ತದೆ. ಬಯಲುಸೀಮೆಯವರು ಲ್ಯೂರ್‌ಗೆ ಕಾಯಿನ್ ಖರ್ಚು ಮಾಡುವ ಕಡೆ ನಾವು ಸುಮ್ಮನೆ ಕಾದರೆ ಸಾಕು. ಆದರೆ ಕಿಟಕಿಯಾಚೆ ಸುರಿಯುವ ಮಳೆಯನ್ನು ನಂಬಬೇಡಿ. ಆಟ ಓದುವುದು ಹವಾಮಾನ ಮುನ್ಸೂಚನೆಯ ದತ್ತಾಂಶವನ್ನು, ಅದೂ ಗಂಟೆಗೊಮ್ಮೆ, ಪ್ರದೇಶಕ್ಕೊಂದರಂತೆ. ರಾಜಾಸೀಟ್‌ನಲ್ಲಿ ಕೊಡೆ ಮಗುಚುವಂತೆ ಮಳೆ ಬರುತ್ತಿದ್ದರೂ ಪರದೆಯ ಬಲಮೂಲೆಯಲ್ಲಿ ಮೋಡದ ಗುರುತೇ ಇರಬಹುದು. ಮಡಿಕೇರಿಯಲ್ಲಿ ಮಳೆ ತೋರಿಸುವಾಗ ಕುಶಾಲನಗರದಲ್ಲಿ ಅರ್ಧ ಬಿಸಿಲೂ ಇರಬಹುದು. ಗಂಟೆ ತಿರುಗಿದ ಮೇಲೆ ಗುರುತು ನೋಡಿ, ಬಂದಿದ್ದರೆ ಆ ಗಂಟೆಯೊಳಗೆ ಕೆಲಸ ಮುಗಿಸಿ. ಕಾಯುವ ಹೊತ್ತಿನಲ್ಲಿ ಸಿಪಿಯನ್ನೂ ನೋಡಿಕೊಳ್ಳಿ: ಸ್ಲಿಗೂ 835 ಒಳಗಿದ್ದರೆ ಗುಡ್ರಾ ಗ್ರೇಟ್ ಲೀಗ್‌ಗೆ ಕೂರುತ್ತದೆ, 1390 ಒಳಗಿದ್ದರೆ ಅಲ್ಟ್ರಾ ಲೀಗ್‌ಗೆ. ಐವಿ ಏನೇ ಇದ್ದರೂ ಈ ಎರಡು ಗೆರೆಗಳು ಸುರಕ್ಷಿತ.

ಇನ್ನೊಬ್ಬ ಆಟಗಾರರ ಜೊತೆಗಿನ ಕೊಡುಕೊಳ್ಳುವಿಕೆಯಿಂದ (ಟ್ರೇಡ್) ಎವಾಲ್ವ್ ಆಗುವವು ಕೆಲವಿವೆ: ಮಚೋಕ್, ಹಾಂಟರ್, ಕಡಾಬ್ರಾ, ಗ್ರಾವೆಲರ್. ಟ್ರೇಡ್ ಆದ ಮೇಲೆ 100 ಕ್ಯಾಂಡಿಯ ಬದಲು ಸೊನ್ನೆ. ಟ್ರೇಡ್‌ನಲ್ಲಿ ಐವಿ ಹೊಸದಾಗಿ ಬೀಳುವುದರಿಂದ ಒಳ್ಳೆಯ ಐವಿ ಇದ್ದುದನ್ನು ಕೊಡಬೇಡಿ, ಸಾಧಾರಣವಾದುದನ್ನು ಕೊಡಿ.

ಈವೀಯಿಂದ ಅಂಬ್ರಿಯನ್ ಬೇಕಿದ್ದರೆ ಅದನ್ನು ಬಡ್ಡಿ (ಜೊತೆಗೆ ನಡೆಯುವ ಸಂಗಾತಿ) ಮಾಡಿಕೊಂಡು 10 ಕಿಲೋಮೀಟರ್ ನಡೆದು, ಎರಡು ಕ್ಯಾಂಡಿ ಗಳಿಸಿ, ಬಡ್ಡಿಯಾಗಿ ಇರುವಾಗಲೇ ರಾತ್ರಿ ಎವಾಲ್ವ್ ಮಾಡಬೇಕು. ಹಗಲಲ್ಲಿ ಮಾಡಿದರೆ ಎಸ್ಪಿಯನ್. ಮಳೆಗಾಲದ ಆಟಿ ತಿಂಗಳಲ್ಲಿ ನಾಲ್ಕು ಗಂಟೆಗೇ ಕತ್ತಲೆ ಕವಿದರೂ ಆಟಕ್ಕೆ ಅದು ಹಗಲೇ. ಬಟನ್ ಮೇಲಿನ ನೆರಳುಚಿತ್ರ ನೋಡಿ. ಪ್ರಶ್ನಾರ್ಥಕ ಚಿಹ್ನೆ ಇದ್ದರೆ ಯಾವುದಾದರೂ ಬರಬಹುದು, ಅಂಬ್ರಿಯನ್‌ನ ಆಕಾರ ಕಂಡರೆ ಮಾತ್ರ ಒತ್ತಿ. ಗ್ರೇಟ್ ಲೀಗ್‌ಗಾದರೆ ಈವೀ 700 ಸಿಪಿ ಒಳಗಿರಲಿ. ನಡಿಗೆಗೆ ಅಡ್ವೆಂಚರ್ ಸಿಂಕ್ (ಆಟ ಮುಚ್ಚಿದ್ದರೂ ನಡಿಗೆ ಎಣಿಸುವ ಸೌಲಭ್ಯ) ಆನ್ ಇಡಿ. ತೋಟದೊಳಗೆ ಸಿಗ್ನಲ್ ಇಲ್ಲದಿದ್ದರೂ ಹೆಜ್ಜೆಗಳು ಫೋನ್‌ನಲ್ಲಿ ಸೇರಿ, ಆಮೇಲೆ ಆಟ ತೆರೆದಾಗ ಲೆಕ್ಕಕ್ಕೆ ಬರುತ್ತವೆ.

ಎವಾಲ್ವ್ ಒತ್ತುವುದು ಮಾತ್ರ ಸಿಗ್ನಲ್ ಗಟ್ಟಿಯಿರುವ ಜಾಗದಲ್ಲಿ. ಮಧ್ಯೆ ನೆಟ್ ಕಡಿದು ಪರದೆ ನಿಂತರೆ ಮತ್ತೆ ಮತ್ತೆ ಒತ್ತಬೇಡಿ. ಆಟ ಮುಚ್ಚಿ, ಸಿಗ್ನಲ್ ಬಂದ ಮೇಲೆ ತೆರೆದು, ಕ್ಯಾಂಡಿ ಎಷ್ಟು ಉಳಿದಿದೆ ಎಂದು ಮೊದಲು ನೋಡಿ. ಕ್ಯಾಂಡಿ ಕಡಿಮೆಯಾಗಿದ್ದರೆ ಎವಾಲ್ವ್ ಆಗಿದೆ, ಅದೇ ಜಾತಿಯ ಇನ್ನೊಂದನ್ನು ಅವಸರದಲ್ಲಿ ಒತ್ತಿಬಿಡಬೇಡಿ.