ಟೆರೇಸಿನ ಮೇಲೆ ಚಾಪೆ ಹಾಸಿ, ಗುರುವಿನ ಚಂದ್ರಗಳನ್ನು ನೋಡಿ

ಮುಂಬೈ ಆಕಾಶದಲ್ಲಿ ನೋಡೋಕೆ ಏನಿದೆ ಅಂತ ಕೇಳುವವರೇ ಜಾಸ್ತಿ. ಡೊಂಬಿವಲಿಯ ನಮ್ಮ ಸೊಸೈಟಿಯ ಟೆರೇಸಿನಿಂದ ಕಾಣುವ ನಕ್ಷತ್ರಗಳು ಬೆರಳೆಣಿಕೆಯಷ್ಟೇ, ನಿಜ. ಆದರೆ ಗುರು ಗ್ರಹಕ್ಕೆ ಊರಿನ ದೀಪಗಳ ಕಾಟ ಇಲ್ಲ. ಅದರ ಬೆಳಕು ಅಷ್ಟು ಜೋರು. ಅದರ ನಾಲ್ಕು ದೊಡ್ಡ ಚಂದ್ರಗಳು ಸಾಧಾರಣ ಬೈನಾಕ್ಯುಲರಿಗೂ ಸಿಗುತ್ತವೆ. ಬರೀ ನೋಡಿ ಇಳಿದು ಬರಬೇಡಿ. ಒಂದು ತಿಂಗಳು ಬರೆದಿಟ್ಟರೆ ಯಾವುದು ಎಷ್ಟು ದಿನಕ್ಕೆ ಒಂದು ಸುತ್ತು ಹಾಕುತ್ತೆ ಅಂತ ನೀವೇ ಕಂಡುಹಿಡಿಯಬಹುದು.

ಬೇಕಾದ್ದು ಇಷ್ಟು: 10×50 ಅಂತ ಬರೆದಿರುವ ಬೈನಾಕ್ಯುಲರ್ (8×42 ಇದ್ದರೂ ಸರಿ), ಚಾಪೆ, ನೋಟ್‌ಬುಕ್, ಪೆನ್ಸಿಲ್.

ಹಂತ 1: ಗುರುವನ್ನು ಹುಡುಕಿ

ಸುಮಾರು 13 ತಿಂಗಳಿಗೊಮ್ಮೆ ಗುರು ಸೂರ್ಯನಿಗೆ ಎದುರು ಬರುತ್ತದೆ. ಆಗ ಸೂರ್ಯ ಮುಳುಗುವ ಹೊತ್ತಿಗೆ ಗುರು ಪೂರ್ವದಲ್ಲಿ ಏಳುತ್ತದೆ, ರಾತ್ರಿಯಿಡೀ ಕಾಣುತ್ತದೆ. 2026ರಲ್ಲಿ ಇದು ಜನವರಿ 10, ಮುಂದಿನದು 2027ರ ಫೆಬ್ರವರಿ. ಅಲ್ಲಿಂದ ಮೇ ತನಕ ಸಂಜೆ ಆಕಾಶದಲ್ಲಿ ಸಿಗುತ್ತದೆ. ಜೂನ್ ಬಂದರೆ ಮೋಡ, ನಮ್ಮ ಕೆಲಸ ಬಂದ್.

ಮಿನುಗದೆ ಒಂದೇ ಸಮನೆ ಹೊಳೆಯುವುದು ಗುರು. ಜೋರಾಗಿ ಮಿನುಗುತ್ತಿದ್ದರೆ ಅದು ಲುಬ್ಧಕ ನಕ್ಷತ್ರ ಇರಬಹುದು. ಶುಕ್ರ ಇನ್ನೂ ಪ್ರಕಾಶಮಾನ. ಆದರೆ ಅದು ಸಂಜೆ ಪಶ್ಚಿಮದಲ್ಲಿ ಇಲ್ಲವೇ ಮುಂಜಾನೆ ಪೂರ್ವದಲ್ಲಿ ಮಾತ್ರ. ನಡುರಾತ್ರಿ ನೆತ್ತಿಯ ಮೇಲೆ ಶುಕ್ರ ಬರುವುದೇ ಇಲ್ಲ. ಸೂರ್ಯ ಪೂರ್ತಿ ಮುಳುಗುವ ತನಕ ಮಾತ್ರ ಬೈನಾಕ್ಯುಲರ್ ಮುಟ್ಟಬೇಡಿ. ಮಕ್ಕಳ ಕೈಗಂತೂ ಕೊಡಲೇಬೇಡಿ. ಅದರಲ್ಲಿ ಸೂರ್ಯ ಕಂಡರೆ ಕಣ್ಣು ಹೋಗುತ್ತೆ.

ಹಂತ 2: ಕೈ ನಡುಗದಂತೆ ಮಾಡಿ

ಹೆಚ್ಚಿನವರು ಸೋಲುವುದು ಇಲ್ಲಿ. ಹತ್ತು ಪಟ್ಟು ದೊಡ್ಡದಾಗಿ ತೋರಿಸುವ ಬೈನಾಕ್ಯುಲರ್ ಕೈಯ ನಡುಕವನ್ನೂ ಹತ್ತು ಪಟ್ಟು ಮಾಡುತ್ತದೆ. ಗುರು ಕುಣಿಯುತ್ತಿದ್ದರೆ ಪಕ್ಕದ ಚುಕ್ಕೆಗಳು ಕಾಣುವುದು ಹೇಗೆ?

ಗುರು ಕೆಳಗಿದ್ದಾಗ ಮೊಣಕೈಯನ್ನು ಟೆರೇಸಿನ ಗೋಡೆಗೆ ಊರಿ, ಬೆನ್ನನ್ನು ನೀರಿನ ಟಾಂಕಿಗೆ ಒರಗಿಸಿ. ಮೇಲೇರಿದಾಗ ಚಾಪೆಯೇ ಗತಿ. ಮುಂಬೈ ಇರುವುದು 19 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ. ಹಾಗಾಗಿ ಈ ಒಂದೆರಡು ವರ್ಷ ಗುರು ಹೆಚ್ಚುಕಡಿಮೆ ನಮ್ಮ ನೆತ್ತಿಯ ಮೇಲೇ ಹಾದು ಹೋಗುತ್ತದೆ. ನಿಂತು ನೋಡಿದರೆ ಕತ್ತು ನೋವು ಖಂಡಿತ.

ಮಲಗುವ ದಿಕ್ಕು ಮುಖ್ಯ. ಉತ್ತರಕ್ಕೆ ತಲೆ ಹಾಕಿ ಮಲಗಿದರೆ ಎಡಗೈ ಪೂರ್ವ, ಬಲಗೈ ಪಶ್ಚಿಮ. ಉತ್ತರಕ್ಕೆ ತಲೆ ಹಾಕಬಾರದು ಅಂತ ನಮ್ಮಲ್ಲಿ ಹೇಳುತ್ತಾರೆ, ಅಲ್ವಾ? ಮನಸ್ಸು ಒಪ್ಪದಿದ್ದರೆ ದಕ್ಷಿಣಕ್ಕೆ ಹಾಕಿ. ಆಗ ಎಡಗೈ ಪಶ್ಚಿಮ. ಯಾವುದಾದರೂ ಒಂದೇ ದಿಕ್ಕಿಗೆ ಅಂಟಿಕೊಳ್ಳಿ, ಇಲ್ಲದಿದ್ದರೆ ಚಿತ್ರಗಳು ತಿರುವುಮುರುವಾಗುತ್ತವೆ.

ಹಂತ 3: ಚಿತ್ರ ಬರೆಯಿರಿ

ನಡುವೆ ಒಂದು ಸಣ್ಣ ಗುಂಡು ಬರೆಯಿರಿ. ಅದು ಗುರು. ಅದರ ಎರಡೂ ಕಡೆ ಒಂದೇ ಸಾಲಿನಲ್ಲಿ ಸೂಜಿಮೊನೆಯಂಥ ಚುಕ್ಕೆಗಳು ಕಾಣುತ್ತವೆ. ಎಷ್ಟು ದೂರ ಅನ್ನಿಸುತ್ತದೋ ಅಷ್ಟು ದೂರದಲ್ಲಿ ಗುರುತು ಹಾಕಿ. ತಾರೀಖು, ಸಮಯ ಬರೆಯಿರಿ. ಅಷ್ಟೇ.

ಕೆಲವು ದಿನ ಮೂರೇ ಇರುತ್ತವೆ, ಕೆಲವು ದಿನ ಎರಡೇ. ಕಾಣದ್ದು ಗುರುವಿನ ಹಿಂದೆಯೋ ಮುಂದೆಯೋ ಇದೆ, ಇಲ್ಲವೇ ಅದರ ನೆರಳಿಗೆ ಸಿಕ್ಕಿದೆ. ಗೆಲಿಲಿಯೋ 1610ರ ಜನವರಿ 7ರಂದು ಮೊದಲು ಕಂಡದ್ದು ಮೂರೇ. ನಾಲ್ಕನೆಯದು ಕಂಡದ್ದು 13ರಂದು. ಆತನೂ ಹೀಗೇ ಗುಂಡು, ಚುಕ್ಕೆ ಬರೆದಿಟ್ಟ. ಮರುದಿನ ಚುಕ್ಕೆಗಳು ಜಾಗ ಬದಲಿಸಿದ್ದವು. ಎಲ್ಲವೂ ಭೂಮಿಯನ್ನೇ ಸುತ್ತುತ್ತವೆ ಅನ್ನುವ ನಂಬಿಕೆ ಅಲುಗಾಡಿದ್ದರಲ್ಲಿ ಆ ಚುಕ್ಕೆಗಳ ಪಾಲು ದೊಡ್ಡದು.

ಹಂತ 4: ಬರೀ ಭಾನುವಾರ ನೋಡಬೇಡಿ

ನಾನು ಮೊದಲ ಸಲ ಮಾಡಿದ ತಪ್ಪು ಇದು. ವಾರವಿಡೀ ಲೋಕಲ್ ಟ್ರೇನು, ಆಫೀಸು. ಭಾನುವಾರ ಮಾತ್ರ ಬಿಡುವು. ಜೊತೆಗೆ ಬರುತ್ತಿದ್ದ ಪಕ್ಕದ ಮನೆಯ ಏಳನೇ ಕ್ಲಾಸಿನ ಹುಡುಗಿ ಮೂರನೇ ಭಾನುವಾರ ನೋಟ್‌ಬುಕ್ ತಿರುವಿ ಕೇಳಿದಳು, "ಮಾಮಾ, ಇದು ಹೋದ ವಾರದ ಚಿತ್ರಾನೇ ಅಲ್ವಾ?" ಹೌದು, ಹೆಚ್ಚುಕಡಿಮೆ ಅದೇ. ಒಂದು ಚುಕ್ಕೆ ಮಾತ್ರ ಬೇರೆ ಕಡೆ ಇತ್ತು.

ಕಾರಣ ಬಹಳ ಚೆನ್ನಾಗಿದೆ. ಆ ನಾಲ್ಕು ಚಂದ್ರಗಳ ಹೆಸರು ಅಯೊ, ಯುರೋಪಾ, ಗ್ಯಾನಿಮೀಡ್, ಕ್ಯಾಲಿಸ್ಟೊ. ಅಯೊ ಒಂದು ಸುತ್ತಿಗೆ 1.77 ದಿನ ತೆಗೆದುಕೊಳ್ಳುತ್ತದೆ, ಯುರೋಪಾ 3.55, ಗ್ಯಾನಿಮೀಡ್ 7.15. ಗ್ಯಾನಿಮೀಡ್ ಒಂದು ಸುತ್ತು ಮುಗಿಸುವಷ್ಟರಲ್ಲಿ ಯುರೋಪಾದ್ದು ಎರಡು, ಅಯೊದ್ದು ನಾಲ್ಕು. ಮೂರಕ್ಕೂ ಲೆಕ್ಕ ಕೂಡುವುದು ಏಳು ದಿನಕ್ಕೆ! ಆ ಬೇರೆ ಚುಕ್ಕೆ ಕ್ಯಾಲಿಸ್ಟೊ. ಅದರ ಸುತ್ತು 16.7 ದಿನ.

ಈ ತಾಳ ಸುಮ್ನೆ ಅಲ್ಲ. ಅಯೊ ಮತ್ತು ಯುರೋಪಾ ಮತ್ತೆ ಮತ್ತೆ ಒಂದೇ ಜಾಗದಲ್ಲಿ ಹತ್ತಿರ ಬಂದು ಎಳೆದಾಡುತ್ತವೆ. ಅದರಿಂದ ಅಯೊದ ದಾರಿ ಪೂರ್ತಿ ದುಂಡಗಾಗುವುದಿಲ್ಲ. ಗುರುವಿಗೆ ಒಮ್ಮೆ ಹತ್ತಿರ, ಒಮ್ಮೆ ದೂರ. ಗುರುವಿನ ಸೆಳೆತ ಅದನ್ನು ಹಿಟ್ಟು ನಾದಿದಂತೆ ನಾದುತ್ತದೆ, ಒಳಗೆ ಬಿಸಿ ಹುಟ್ಟುತ್ತದೆ. 1979ರ ಮಾರ್ಚಿನಲ್ಲಿ ವಾಯೇಜರ್ 1 ಬಾಹ್ಯಾಕಾಶ ನೌಕೆ ಕಳಿಸಿದ ಚಿತ್ರದಲ್ಲಿ ಅಯೊದ ಜ್ವಾಲಾಮುಖಿ ಚಿಮ್ಮುತ್ತಿತ್ತು. ಯುರೋಪಾದ ಮಂಜುಗಡ್ಡೆಯ ಕೆಳಗೆ ಸಮುದ್ರ ಇದೆ ಎಂದು ವಿಜ್ಞಾನಿಗಳು ನಂಬುವುದಕ್ಕೂ ಇದೇ ಬಿಸಿ ಒಂದು ಕಾರಣ. 2024ರ ಅಕ್ಟೋಬರಿನಲ್ಲಿ ಹೊರಟ ಯುರೋಪಾ ಕ್ಲಿಪ್ಪರ್ ನೌಕೆ ಅದನ್ನು ಪರೀಕ್ಷಿಸಲೆಂದೇ ಹೋಗುತ್ತಿದೆ. 2030ರಲ್ಲಿ ಗುರುವನ್ನು ತಲುಪಬೇಕು.

ಹಾಗಾಗಿ ವಾರಕ್ಕೆ ಮೂರು ದಿನವಾದರೂ ಟೆರೇಸ್ ಹತ್ತಿ. ಹತ್ತು ನಿಮಿಷ ಸಾಕು.

ಹಂತ 5: ಯಾವುದು ಯಾವುದು?

ಎಲ್ಲಕ್ಕಿಂತ ದೂರ ಹೋಗುವ ಚುಕ್ಕೆ ಕ್ಯಾಲಿಸ್ಟೊ. ತುಂಬ ದೂರ ಅಂದರೆ ಹುಣ್ಣಿಮೆ ಚಂದ್ರನ ಅಗಲದ ಮೂರನೇ ಒಂದು ಭಾಗ. ಎಲ್ಲಕ್ಕಿಂತ ಪ್ರಕಾಶಮಾನವಾದದ್ದು ಗ್ಯಾನಿಮೀಡ್. ಅದು ಬುಧ ಗ್ರಹಕ್ಕಿಂತ ದೊಡ್ಡದು, ಅಡ್ಡಳತೆ 5,268 ಕಿಲೋಮೀಟರ್. ಅಯೊ ಗುರುವಿನ ಬೆಳಕಿನಲ್ಲೇ ಮುಳುಗಿರುತ್ತದೆ. ಗುರುವನ್ನು ಟಾಂಕಿಯ ಅಂಚಿನ ಹಿಂದೆ ಮರೆಮಾಡಿ ನೋಡಿ, ಕೆಲವೊಮ್ಮೆ ಸಿಗುತ್ತದೆ.

ಶನಿಯ ಬಳೆಗಳಿಗೆ ಬೈನಾಕ್ಯುಲರ್ ಸಾಲದು. 30 ಪಟ್ಟು ತೋರಿಸುವ ಸಣ್ಣ ಟೆಲಿಸ್ಕೋಪ್ ಬೇಕು. ಮಳೆ ಮುಗಿದ ಮೇಲೆ ಅಕ್ಟೋಬರ್, ನವೆಂಬರ್ ಒಳ್ಳೆಯ ಕಾಲ. ನಿಮ್ಮ ಹತ್ತಿರ ಟೆಲಿಸ್ಕೋಪ್ ಇಲ್ಲದಿದ್ದರೆ ಕರ್ಜತ್ ಲೈನಿನ ವಾಂಗಣಿಯಲ್ಲಿ ಆಕಾಶ ನೋಡುವ ಹವ್ಯಾಸಿಗಳ ಸಂಘವಾದ ಖಗೋಲ್ ಮಂಡಲ್‌ನವರು ನಡೆಸುವ ರಾತ್ರಿ ಕಾರ್ಯಕ್ರಮ ವಿಚಾರಿಸಿ. ಹೋಗುವಾಗ ನೋಟ್‌ಬುಕ್ ಮರೆಯಬೇಡಿ. ಒಂದು ಶಾಲೂ ಇರಲಿ, ಬೆಳಗಿನ ಜಾವ ಅಲ್ಲಿ ಚಳಿ.