ಕೊಬ್ಬರಿ ಉಂಡಿ ಮತ್ತು ಬೆಲ್ಲದ ಆಣ

ನಾಲ್ಕು ವರ್ಷಗಳ ಹಿಂದಿನ ನಾಗರ ಪಂಚಮಿಗೆ ನಾನು ಹಸಿ ತೆಂಗಿನಕಾಯಿಯ ಬರ್ಫಿ ಮಾಡಿದ್ದೆ. ಮೊಬೈಲ್‌ನಲ್ಲಿ ನೋಡಿ ಕಲಿತದ್ದು. ಹಾಲಿನಂಥ ಬಿಳುಪು, ಚೌಕ ತುಂಡು, ನೋಡಲು ಚೆಂದವೇ ಇತ್ತು. ಹಬ್ಬ ಮುಗಿಸಿ ಗಂಡನ ಮನೆಗೆ ಹೊರಟ ನಾದಿನಿಗೆ ಒಂದು ಡಬ್ಬಿ ಕಟ್ಟಿಕೊಟ್ಟೆ. ಮೂರನೆಯ ದಿನ ಅವಳ ಫೋನು ಬಂತು: “ವೈನಿ, ಡಬ್ಬಿ ತೆರೆದರೆ ಹುಳಿ ವಾಸನೆ.”

ಅತ್ತೆ ಬೈಯಲಿಲ್ಲ. “ಜೋಳದ ಸೀಮೆಯಲ್ಲಿ ಹಸಿ ಕಾಯಿಯ ಸಿಹಿ ಯಾರು ಮಾಡುತ್ತಾರವ್ವ?” ಎಂದರು, ಅಷ್ಟೇ. ಬಾಗಲಕೋಟೆಯ ಸುತ್ತ ತೆಂಗಿನ ತೋಟಗಳು ಎಷ್ಟು ಕಂಡಾವು? ನಮ್ಮ ಅಡುಗೆಮನೆಗೆ ಬರುವುದು ತಿಪಟೂರು ಕಡೆಯ ಒಣ ಕೊಬ್ಬರಿ. ಅಮೀನಗಡದ ಕರದಂಟಿಗೂ ಬಾಣಂತಿಯ ಅಂಟಿನ ಉಂಡಿಗೂ ಬೀಳುವುದು ಅದೇ. ಹಸಿ ಕಾಯಿಯ ತಿರುಳಿನಲ್ಲಿ ಅರ್ಧದಷ್ಟು ನೀರೇ ಇರುತ್ತದೆ. ಚೆನ್ನಾಗಿ ಒಣಗಿದ ಕೊಬ್ಬರಿಯಲ್ಲಿ ನೂರಕ್ಕೆ ಆರೇಳು ಪಾಲು. ನನ್ನ ಬರ್ಫಿ ಹಳಸಿದ್ದು ಆ ನೀರಿನಿಂದ.

ಮರುವರ್ಷ ಅತ್ತೆಯ ಪಕ್ಕದಲ್ಲಿ ಕುಳಿತು ಕೊಬ್ಬರಿ ಉಂಡಿ ಕಲಿತೆ. ಅಂಗಡಿಯಲ್ಲಿ ಕೊಬ್ಬರಿ ಬಟ್ಟಲನ್ನು ಮೊದಲು ಮೂಗಿಗೆ ಹಿಡಿಯುತ್ತೇನೆ. ಕಮಟು ವಾಸನೆ ಬಂದರೆ ಎಷ್ಟೇ ಯಾಲಕ್ಕಿ ಹಾಕಿದರೂ ಅದು ಮುಚ್ಚುವುದಿಲ್ಲ. ಮುರಿದರೆ ಲಟ್ಟೆಂದು ಮುರಿಯಬೇಕು. ಲೆಕ್ಕಕ್ಕಿಂತ ಎರಡು ಬಟ್ಟಲು ಹೆಚ್ಚೇ ತರುತ್ತೇನೆ. ಪಂಚಮಿಯಲ್ಲಿ ಮಕ್ಕಳು ಅದಕ್ಕೆ ದಾರ ಪೋಣಿಸಿ ತಿರುಗಿಸಿ ಆಡದೆ ಬಿಡುವುದಿಲ್ಲ.

ಅರ್ಧ ಕಿಲೋ ಕೊಬ್ಬರಿಗೆ 350 ಗ್ರಾಂ ಬೆಲ್ಲ ನಮ್ಮ ಮನೆಯ ಅಳತೆ. ಕೊಬ್ಬರಿಯನ್ನು ಕೈಯಲ್ಲೇ ತುರಿಯಬೇಕು. ಮಿಕ್ಸಿಗೆ ಹಾಕಿದರೆ ಬಿಸಿಗೆ ಎಣ್ಣೆ ಬಿಟ್ಟು ಮುದ್ದೆಯಾಗುತ್ತದೆ. ತುರಿಯನ್ನು ಸಣ್ಣ ಉರಿಯಲ್ಲಿ ಬೆಚ್ಚಗೆ ಮಾಡಿದರೆ ಸಾಕು. ಬಣ್ಣ ಬರಲಿ ಎಂದು ಕಾದರೆ ಕಣ್ಣು ಮಿಟುಕಿಸುವಷ್ಟರಲ್ಲಿ ಸೀದುಹೋಗುತ್ತದೆ. ನಾಲ್ಕು ಚಮಚ ಕಸಕಸಿಯನ್ನು ಬೇರೆಯಾಗಿ ಹುರಿದು, ಹತ್ತು ಯಾಲಕ್ಕಿ ಕುಟ್ಟಿ ಇಟ್ಟುಕೊಳ್ಳುತ್ತೇನೆ.

ಕಷ್ಟವೆಲ್ಲ ಇರುವುದು ಆಣದಲ್ಲಿ. ಪಾಕಕ್ಕೆ ನಮ್ಮ ಕಡೆ ಆಣ ಎನ್ನುತ್ತೇವೆ. ಬೆಲ್ಲ ಮಹಾಲಿಂಗಪುರದ್ದು. ಹಳದಿಯಾಗಿ ಹೊಳೆಯುವುದನ್ನು ಬಿಟ್ಟು ಕಂದು ಬಣ್ಣದ ಪೆಂಟೆಯನ್ನೇ ಆರಿಸುತ್ತೇನೆ. ಕಾಲು ಲೋಟ ನೀರಿನಲ್ಲಿ ಕರಗಿಸಿ, ಸೋಸಿ, ಮತ್ತೆ ಒಲೆಗೆ ಇಡುತ್ತೇನೆ. ಪಕ್ಕದಲ್ಲಿ ಒಂದು ತಾಟಿನ ತುಂಬ ತಣ್ಣೀರು. ಮೊದಲ ಹನಿ ನೀರಿಗೆ ಬಿದ್ದೊಡನೆ ಕರಗಿ ಹರಡುತ್ತದೆ. ಸ್ವಲ್ಪ ಹೊತ್ತಿಗೆ ಬಿಟ್ಟ ಹನಿ ತಳಕ್ಕಿಳಿದು ಕೆಸರಿನಂತೆ ಕೂರುತ್ತದೆ, ಬೆರಳಿಗೆ ಸಿಗುವುದಿಲ್ಲ. ಅದರ ಮುಂದಿನ ಹನಿಯನ್ನು ಎರಡು ಬೆರಳಲ್ಲಿ ಕೂಡಿಸಿದರೆ ಮೆತ್ತನೆಯ ಗುಂಡಾಗುತ್ತದೆ, ಮೇಲೆತ್ತಿದರೆ ಬೆರಳ ಮೇಲೆಯೇ ಚಪ್ಪಟೆಯಾಗುತ್ತದೆ. ಅದೇ ಹದ, ತಕ್ಷಣ ಒಲೆ ಆರಿಸಬೇಕು. ಇನ್ನೊಂದು ನಿಮಿಷ ಬಿಟ್ಟರೆ ಗುಂಡು ತಾಟಿಗೆ ಬಿದ್ದು ಟಣ್ ಎನ್ನುತ್ತದೆ. ಅದು ಶೇಂಗಾ ಚಿಕ್ಕಿಯ ಆಣ. ನಾನೊಬ್ಬಳೇ ಮಾಡಿದ ಮೊದಲ ಸಲ ಬಾಗಿಲಲ್ಲಿ ಹಾಲಿನವನೊಂದಿಗೆ ಚಿಲ್ಲರೆ ಲೆಕ್ಕ ಮಾಡುತ್ತ ನಿಂತೆ, ಟಣ್ ಎಂದೇಬಿಟ್ಟಿತು. ಆ ಉಂಡಿಗಳನ್ನು ಮಾವನವರು ಒರಳಿನಲ್ಲಿ ಕುಟ್ಟಿಸಿಕೊಂಡು ತಿಂದರು.

ಒಲೆ ಆರಿಸಿದ ಮೇಲೆ ತುರಿ, ಕಸಕಸಿ, ಯಾಲಕ್ಕಿ, ಎರಡು ಚಮಚ ತುಪ್ಪ ಸುರಿದು ಸವಟಿನಿಂದ ಕೆದಕಿ, ಅಂಗೈ ತಾಳುವಷ್ಟು ಬಿಸಿ ಇರುವಾಗಲೇ ಕಟ್ಟಬೇಕು. ಕೈಗೆ ತುಪ್ಪ ಸವರಿಕೊಳ್ಳುವುದು, ನೀರಲ್ಲ. ಕೊನೆಕೊನೆಗೆ ಆರಿ ಉದುರತೊಡಗಿದಾಗ ಹಾಲು ಚಿಮುಕಿಸುವ ಆಸೆಯಾಗುತ್ತದೆ. ಹಾಗೆ ಮಾಡಿದರೆ ನನ್ನ ಬರ್ಫಿಯ ಕತೆಯೇ ಮತ್ತೆ. ಪಾತ್ರೆಯನ್ನು ಸಣ್ಣ ಉರಿಯ ಮೇಲೆ ಅರೆ ನಿಮಿಷ ಇಟ್ಟರೆ ಆಣ ಸಡಿಲಗೊಂಡು ಮತ್ತೆ ಹಿಡಿಯುತ್ತದೆ.

ಅರ್ಧ ಕಿಲೋಗೆ ನಿಂಬೆ ಗಾತ್ರದ ಮೂವತ್ತು ಉಂಡಿಗಳಾಗುತ್ತವೆ. ಪೂರ್ತಿ ಆರಿದ ಮೇಲೆಯೇ ಡಬ್ಬಿಗೆ ತುಂಬುತ್ತೇನೆ. ಅರ್ಧ ನಾದಿನಿಗೆ, ಅರ್ಧ ಮನೆಗೆ. ಎರಡು ವಾರ ಏನೂ ಆಗುವುದಿಲ್ಲ. ಅದಕ್ಕಿಂತ ಹೆಚ್ಚು ದಿನ ನಮ್ಮ ಮನೆಯಲ್ಲಿ ಉಳಿದದ್ದೇ ಇಲ್ಲ.